ಅಂಗಳ, ಹೊಲ, ಹಟ್ಟಿ: ತ್ಸ್ವಾನಾ ಜನರ ಮನೆ ಯಾವುದು?

ಬೊಟ್ಸ್ವಾನಾದಲ್ಲಿ ಜನಗಣತಿಗೆ ಹೊರಟವರಿಗೆ ಹಳೆಯ ತೊಡಕೊಂದು ಪ್ರತಿ ಸಲವೂ ಎದುರಾಗುತ್ತದೆ. ಮೊಲೆಪೊಲೊಲೆಯಂಥ ಊರಿನ ಒಂದು ಅಂಗಳದಲ್ಲಿ ಅಜ್ಜಿ ಮತ್ತು ನಾಲ್ಕು ಮೊಮ್ಮಕ್ಕಳು ಇದ್ದಾರೆ ಎಂದುಕೊಳ್ಳಿ. ಆ ಮಕ್ಕಳ ತಾಯಂದಿರಲ್ಲಿ ಒಬ್ಬಳು ರಾಜಧಾನಿ ಗಾಬೊರೊನೆಯಲ್ಲಿ ಬಾಡಿಗೆ ಕೋಣೆ ಹಿಡಿದು ಅಂಗಡಿಯಲ್ಲಿ ದುಡಿಯುತ್ತಾಳೆ. ಇನ್ನೊಬ್ಬಳು ಮಳೆಗಾಲ ಪೂರ್ತಿ ಹೊಲದ ಗುಡಿಸಲಿನಲ್ಲಿರುತ್ತಾಳೆ. ಅವರ ಅಣ್ಣ ದೂರದ ದನದ ಹಟ್ಟಿಯಲ್ಲಿ, ತಮ್ಮ ಗಡಿಯಾಚೆ ದಕ್ಷಿಣ ಆಫ್ರಿಕಾದಲ್ಲಿ. ಯಾರನ್ನು ಕೇಳಿದರೂ ತಮ್ಮ ಮನೆ ಮೊಲೆಪೊಲೊಲೆಯ ಆ ಅಂಗಳ ಎಂದೇ ಹೇಳುತ್ತಾರೆ. ಒಂದೇ ಒಲೆಯ ಅನ್ನ ಉಣ್ಣುವವರನ್ನು ಒಂದು ಕುಟುಂಬವೆಂದು ಬರೆದುಕೊಳ್ಳುವ ಗಣತಿಯ ಪಟ್ಟಿಯಲ್ಲಿ ಮಾತ್ರ ಈ ಒಂದು ಮನೆ ನಾಲ್ಕೈದಾಗಿ ಒಡೆದುಹೋಗುತ್ತದೆ.

ಯಾವ ಲೆಕ್ಕ ಸರಿ ಎಂಬ ಪ್ರಶ್ನೆಯ ಮೇಲೆ ಮಾನವಶಾಸ್ತ್ರಜ್ಞರು, ಇತಿಹಾಸಕಾರರು, ಅರ್ಥಶಾಸ್ತ್ರಜ್ಞರು, ಕೊನೆಗೆ ನ್ಯಾಯಾಧೀಶರೂ ಸುಮಾರು ಒಂದು ಶತಮಾನದಿಂದ ವಾದಿಸುತ್ತ ಬಂದಿದ್ದಾರೆ. ಇದನ್ನು ಪಂಡಿತರ ಒಣಚರ್ಚೆ ಎಂದು ತಳ್ಳಿಹಾಕುವಂತಿಲ್ಲ. ನಿವೇಶನ ಯಾರಿಗೆ, ಅನಾಥ ಮಗುವಿನ ಪಡಿತರ ಯಾರ ಕೈಗೆ, ಸತ್ತವರ ಸೂರು ಯಾರ ಪಾಲಿಗೆ ಎಂಬುದೆಲ್ಲ ಈ ಉತ್ತರದ ಮೇಲೆ ನಿಂತಿದೆ. ಗೋಡೆಯೊಳಗೆ ಮನೆಯನ್ನು ಹುಡುಕಿದವರೆಲ್ಲ ಎಡವಿದ್ದಾರೆ. ಮನೆ ಎಂಬುದು ಬರೀ ಹರಿಯುವ ಸಂಬಂಧ ಎಂದವರು ಅದನ್ನು ದಿನವೂ ಸಾರಿಸಿ ಗುಡಿಸಿ ನಿಲ್ಲಿಸುವ ಹೆಂಗಸನ್ನು ಮರೆತಿದ್ದಾರೆ. ಈ ಚರ್ಚೆಯನ್ನು ಓದಿದಷ್ಟೂ ನನಗೆ ಹೀಗೇ ತೋರಿದೆ.

ಅಂಗಳದ ಸುತ್ತ

ಸೆಟ್ಸ್ವಾನಾ ಮಾತನಾಡುವವರು ಬೊಟ್ಸ್ವಾನಾಗಿಂತ ದಕ್ಷಿಣ ಆಫ್ರಿಕಾದಲ್ಲೇ ಹೆಚ್ಚು. ಎರಡೂ ಕಡೆಯ ಹಳೆಯ ಊರುಗಳಲ್ಲಿ ಸಂಸಾರಕ್ಕೆ ಹೇಳುವ ‘ಲೆಲ್ವಾಪಾ’ ಎಂಬ ಹೆಸರು ಅಂಗಳದ್ದೇ ಹೆಸರು. ‘ಎನ್‌ಟ್ಲೊ’ ಎಂದರೆ ಕಟ್ಟಿದ ಮನೆ, ಮಲಗಲು ಮತ್ತು ಸಾಮಾನಿಡಲು ಇರುವ ಜಾಗ. ಅಡುಗೆ, ಊಟ, ನೆಂಟರ ಉಪಚಾರ, ಮದುವೆಯ ಮಾತುಕತೆ, ಜಗಳ, ರಾಜಿ ಎಲ್ಲ ನಡೆಯುವುದು ಅಂಗಳದಲ್ಲಿ. ಇಂಗ್ಲಿಷ್ ಪ್ರವಾಸಿ ವಿಲಿಯಂ ಬರ್ಚೆಲ್ 1812ರಲ್ಲಿ ತ್ಲಾಪಿಂಗ್ ಜನರ ರಾಜಧಾನಿಯಲ್ಲಿ ಒಂದು ಮನೆಯ ತಳನಕ್ಷೆಯನ್ನೇ ಬರೆದುಕೊಂಡ. ನಡುವೆ ದುಂಡು ಮನೆ, ಸುತ್ತ ಜಗುಲಿ, ಮುಂದೆ ಅಂಗಳ, ಕಣಜಗಳಿಗೆ ಜಾಗ, ಹೊರಗೆ ಬೇಲಿ. ಸೂರಿನ ಕೆಳಗಿನ ಜಾಗಕ್ಕಿಂತ ಬಯಲಿನ ಜಾಗವೇ ಮನೆಯ ದೊಡ್ಡ ಪಾಲು ಎಂಬುದು ಆ ನಕ್ಷೆಯಲ್ಲೇ ಕಾಣುತ್ತದೆ.

ಅಂಗಳದ ಸುತ್ತ ಸೊಂಟದೆತ್ತರದ ಮಣ್ಣಿನ ಗೋಡೆ. ಅದನ್ನು ಎತ್ತುವವರು, ಮಣ್ಣಿಗೆ ಸಗಣಿ ಬೆರೆಸಿ ಮೆತ್ತುವವರು ಹೆಂಗಸರು. ಮೆತ್ತಿದ ಸಗಣಿಮಣ್ಣು ಹಸಿಯಿರುವಾಗಲೇ ನಾಲ್ಕು ಬೆರಳನ್ನು ಒಟ್ಟಿಗೆ ಎಳೆದು ಅಲೆ, ಸುರುಳಿ, ಎಲೆಯ ಆಕಾರ ಬಿಡಿಸುತ್ತಾರೆ. ಇದಕ್ಕೆ ‘ಲೆಖಾಫೊ’ ಎನ್ನುತ್ತಾರೆ. ಮಳೆಗೆ ಅದು ಕರಗುತ್ತದೆ, ಸುಗ್ಗಿ ಮುಗಿದ ಮೇಲೆ ಮತ್ತೆ ಬರೆಯಬೇಕು. ಗೋಡೆ ಹೊಸದಾಗಿ ಸಾರಿಸಿದ್ದರೆ ಒಳಗೆ ಸಂಸಾರ ನಡೆಯುತ್ತಿದೆ ಎಂದು ದಾರಿಹೋಕರಿಗೂ ಗೊತ್ತಾಗುತ್ತದೆ.

ಮನೆಯ ಹಿಂದೆ ಹಿತ್ತಲು. ಅದು ಹೆಂಗಸರ ಜಾಗ, ಹೊರಗಿನವರಿಗೆ ಅಲ್ಲಿ ಪ್ರವೇಶವಿಲ್ಲ. ಬಾಣಂತನಕ್ಕೆ ಮಗಳು ತವರಿಗೆ ಬಂದಾಗ ಬಾಗಿಲ ಮುಂದೆ ಅಡ್ಡಲಾಗಿ ಒಂದು ಮರದ ತುಂಡು ಇಡುತ್ತಾರೆ. ಅದನ್ನು ಕಂಡವರು ಒಳಗೆ ಕಾಲಿಡುವುದಿಲ್ಲ, ಏಕೆಂದರೆ ದೂರದಿಂದ ನಡೆದು ಬಂದವರ ಮೈಯ ಕಾವು ಕೂಸಿಗೆ ತಾಗುತ್ತದೆ ಎಂಬ ನಂಬಿಕೆ. ಮುಂದಕ್ಕೆ ಹೋದರೆ ಕೇರಿಯ ‘ಖೊಟ್ಲಾ’: ಮರದ ಗೂಟಗಳ ಅರ್ಧಚಂದ್ರಾಕಾರದ ಆವರಣ, ಗಂಡಸರು ಕೂತು ನ್ಯಾಯ ಹೇಳುವ ಜಾಗ, ಪಕ್ಕದಲ್ಲೇ ದನದ ದೊಡ್ಡಿ. ಅಂಗಳಗಳು ಇದರ ಸುತ್ತ ಲಾಳದ ಆಕಾರದಲ್ಲಿ ಕೂಡಿಕೊಳ್ಳುತ್ತವೆ.

ಇಷ್ಟಕ್ಕೇ ಮನೆ ಮುಗಿಯಲಿಲ್ಲ. ಊರು, ಹೊಲ, ದನದ ಹಟ್ಟಿ ಮೂರೂ ಸೇರಿ ಒಂದು ಸಂಸಾರ. ಹೊಲ ಊರಿನಿಂದ ಒಂದು ದಿನದ ನಡಿಗೆಯಷ್ಟು ದೂರ ಇರಬಹುದು, ಹಟ್ಟಿ ಅದಕ್ಕೂ ಆಚೆ. ಹಿಂದೆ ದೊರೆ, ಅಂದರೆ ‘ಖೊಸಿ’, ಉಳುಮೆಗೆ ಅಪ್ಪಣೆ ಕೊಟ್ಟ ಮೇಲೆ ಊರು ಊರೇ ಹೊಲಕ್ಕೆ ಬಿಡಾರ ಎತ್ತುತ್ತಿತ್ತು. ಕೊಯ್ಲು ಮುಗಿಸಿ ಚಳಿಗಾಲಕ್ಕೆ ಮರಳುತ್ತಿತ್ತು. ಮಳೆ ನಂಬಲಾಗದ, ಮರಳುಮಣ್ಣಿನ ಸೀಮೆಯಲ್ಲಿ ಸಾವಿರಾರು ಜನ ಒಟ್ಟಿಗಿರುವ ಊರು ಕಟ್ಟಲು ಇದೇ ದಾರಿಯಾಗಿತ್ತು. 1820ರಲ್ಲಿ ಹುರುಟ್ಶೆ ಜನರ ಕಡಿಟ್ಶ್ವೇನೆಗೆ ಹೋದ ಮಿಷನರಿ ಜಾನ್ ಕ್ಯಾಂಪ್‌ಬೆಲ್ ಕಂಡದ್ದು ಹತ್ತು ಸಾವಿರಕ್ಕೂ ಮಿಕ್ಕ ಜನರ, ಕಲ್ಲಿನ ಗೋಡೆಗಳ ಪಟ್ಟಣವನ್ನು.

ಶಪೇರಾ ಕಟ್ಟಿದ ಚೌಕಟ್ಟು

ಈ ಬದುಕನ್ನು ಮೊದಲು ಕ್ರಮವಾಗಿ ಬರೆದವರು ಮಾನವಶಾಸ್ತ್ರಜ್ಞ ಐಸಾಕ್ ಶಪೇರಾ (1905–2003). ದಕ್ಷಿಣ ಆಫ್ರಿಕಾದಲ್ಲಿ ಹುಟ್ಟಿದ ಇವರು 1929ರಿಂದ ಮೊಚುಡಿಯ ಖಾಟ್ಲಾ ಜನರ ನಡುವೆ ಕೆಲಸ ಮಾಡಿದರು. ಬ್ರಿಟಿಷ್ ಆಡಳಿತದ ಕೋರಿಕೆಯ ಮೇಲೆ ತ್ಸ್ವಾನಾ ಕಾನೂನು ಮತ್ತು ಕಟ್ಟಳೆಯ ಕೈಪಿಡಿಯನ್ನು 1938ರಲ್ಲಿ ತಂದರು. ಅವರ ಚೌಕಟ್ಟಿನಲ್ಲಿ ಹಲವು ಸಂಸಾರ ಸೇರಿ ಒಂದು ಬಳಗ, ಬಳಗಗಳು ಸೇರಿ ಕೇರಿ, ಕೇರಿಗಳು ಸೇರಿ ದೊರೆಯ ನಾಡು.

ಈ ಚೌಕಟ್ಟಿನ ಜೀವಾಳ ಇರುವುದು ತಾಯಿಯ ಒಲೆಯಲ್ಲಿ. ಗಂಡನಿಗೆ ಹಲವು ಹೆಂಡಿರಿದ್ದರೆ ಪ್ರತಿ ಹೆಂಡತಿಗೂ ಅವಳದೇ ಅಂಗಳ, ಅವಳದೇ ಹೊಲ, ಅವಳದೇ ಕಣಜ. ಒಂದು ಒಲೆಗೆಂದು ಮೀಸಲಿಟ್ಟ ದನ ಆ ತಾಯಿಯ ಮಕ್ಕಳಿಗೇ ಹೋಗಬೇಕು. ಗಂಡ ಅದನ್ನು ಇನ್ನೊಬ್ಬಳ ಮನೆಗೆ ದಾಟಿಸಿದರೆ ಖೊಟ್ಲಾದಲ್ಲಿ ದೂರು. ಮಗಳ ಮದುವೆಗೆ ‘ಬೊಖಾಡಿ’ ಅಂದರೆ ತೆರವಾಗಿ ಬಂದ ದನವನ್ನು ಅವಳ ಒಡಹುಟ್ಟಿದವನ ಮದುವೆಗೆ ಬಳಸುತ್ತಾರೆ. ಹೀಗಾಗಿ ಆ ಸೋದರಮಾವ ಅವಳ ಮಕ್ಕಳಿಗೆ ಬದುಕಿಡೀ ಬಾಧ್ಯ. ಉತ್ತರಾಧಿಕಾರ, ಹಿರಿತನ, ಅಣ್ಣತಮ್ಮಂದಿರ ಜಗಳ ಇವನ್ನೆಲ್ಲ ಶಪೇರಾರ ನಕ್ಷೆ ಚೆನ್ನಾಗಿ ಬಿಡಿಸಿ ಹೇಳುತ್ತದೆ.

ತೊಂದರೆ ಬೇರೆ ಕಡೆ. ಊರಿನ ಹಿರಿಯ ಗಂಡಸರು ಹೀಗಿರಬೇಕು ಎಂದು ಹೇಳಿದ್ದು ಪುಸ್ತಕದಲ್ಲಿ ಹೀಗಿದೆ ಎಂದಾಯಿತು, ಆಮೇಲೆ ನ್ಯಾಯಾಲಯಗಳು ಆ ಪುಸ್ತಕವನ್ನೇ ಪ್ರಮಾಣವಾಗಿ ತೆಗೆದುಕೊಂಡವು. ನಿಯಮ ಎಷ್ಟು ಸಡಿಲ ಎಂಬುದು ಶಪೇರಾರಿಗೆ ಗೊತ್ತಿತ್ತು. ಸಂಸಾರದ ಬದುಕಿನ ಬಗ್ಗೆ 1940ರಲ್ಲಿ ಅವರು ಬರೆದ ಪುಸ್ತಕದಲ್ಲಿ ಗಣಿಗೆ ಹೋದ ಗಂಡಂದಿರು ಮತ್ತು ಊರಿನಲ್ಲಿ ಕಾದ ಹೆಂಡಿರ ಕಾಗದಗಳಿವೆ, ಮದುವೆಗೆ ಮುಂಚೆ ಹುಟ್ಟಿದ ಮಕ್ಕಳ ಪ್ರಸಂಗಗಳಿವೆ. ಕೈಪಿಡಿಗಿಂತ ಆ ಪುಸ್ತಕದ ಶಪೇರಾ ನನಗೆ ಹೆಚ್ಚು ನಂಬಿಕಸ್ತರು.

ಮಾತುಕತೆಯಲ್ಲಿ ನಿಲ್ಲುವ ಮನೆ

ಜಾನ್ ಕೊಮರಾಫ್ ಮತ್ತು ಸೈಮನ್ ರಾಬರ್ಟ್ಸ್ 1981ರಲ್ಲಿ ಇದೇ ಕಟ್ಟಳೆಗಳನ್ನು ವ್ಯಾಜ್ಯಗಳ ಕಡೆಯಿಂದ ಓದಿದರು. ತ್ಸ್ವಾನಾ ಮದುವೆ ಒಂದು ದಿನದ ಮುಹೂರ್ತದಲ್ಲಿ ಮುಗಿಯುವುದಿಲ್ಲ. ಹೆಣ್ಣು ಕೇಳುವುದು, ಕಾಣಿಕೆ, ಒಟ್ಟಿಗೆ ಇರುವುದು, ಮಕ್ಕಳಾಗುವುದು ಎಲ್ಲ ಆಗಿ, ತೆರದ ದನ ಎಷ್ಟೋ ವರ್ಷದ ಮೇಲೆ ಕೊಡುವುದುಂಟು. ಅಷ್ಟರವರೆಗೆ ಅವಳು ಹೆಂಡತಿಯೋ ಇಟ್ಟುಕೊಂಡವಳೋ ಎಂಬುದನ್ನು ತೆರೆದೇ ಇಟ್ಟಿರುತ್ತಾರೆ. ಪಾಲಿನ ಪ್ರಶ್ನೆ ಬಂದಾಗ ಖೊಟ್ಲಾದಲ್ಲಿ ತೀರ್ಮಾನ. ಇದಕ್ಕೆ ಇನ್ನೊಂದು ಸಿಕ್ಕು ಸೇರಿಕೊಳ್ಳುತ್ತದೆ. ನಮ್ಮಲ್ಲಿ ತಂಗಿಯೇ ಆಗುವ ಚಿಕ್ಕಪ್ಪನ ಮಗಳನ್ನೂ ತ್ಸ್ವಾನಾ ಜನ ಮದುವೆಯಾಗಬಹುದು. ಒಬ್ಬನೇ ಮನುಷ್ಯ ದಾಯಾದಿಯೂ ಹೌದು, ಬೀಗನೂ ಹೌದು ಎನ್ನುವಂತಾಗುತ್ತದೆ. ಯಾವ ನಂಟನ್ನು ಹಿಡಿದು ಮಾತಾಡಬೇಕು ಎಂಬುದು ಆ ಹೊತ್ತಿನ ಅನುಕೂಲಕ್ಕೆ ಬಿಟ್ಟದ್ದು.

ಈ ನೋಟದಲ್ಲಿ ಸಂಸಾರವೆಂದರೆ ಇನ್ನೂ ತೀರ್ಪು ಬರದ ವಾದ. ನಿಯಮ ಹೇಳದ ಎಷ್ಟೋ ಸಂಗತಿ ಇದರಿಂದ ಬಿಡಿಸಿಕೊಳ್ಳುತ್ತವೆ. ಆದರೆ ವಾದ ಮಾಡುವ ಶಕ್ತಿ ಎಲ್ಲರಿಗೂ ಸಮನಾಗಿ ಇರುವುದಿಲ್ಲ. ಮೊಲೆಪೊಲೊಲೆಯ ಕ್ವೇನಾ ಹೆಂಗಸರ ನಡುವೆ ಕೆಲಸ ಮಾಡಿದ ಆ್ಯನ್ ಗ್ರಿಫಿತ್ಸ್ 1997ರ ತಮ್ಮ ಪುಸ್ತಕದಲ್ಲಿ ಇದನ್ನೇ ಎತ್ತಿ ತೋರಿಸಿದರು. ದನ, ಸಂಬಳ, ಓದಿದ ಅಣ್ಣತಮ್ಮಂದಿರು ಇರುವ ಹೆಣ್ಣು ಕೇಳಿ ಪಡೆಯಬಲ್ಲಳು. ಇಲ್ಲದವಳಿಗೆ ‘ತೆರೆದಿಟ್ಟ’ ಮದುವೆ ಎಂದರೆ ಕೈಗೆ ಏನೂ ಸಿಗದ ಮದುವೆ.

ದನ ನಡುವೆ, ಮನೆ ಸುತ್ತ

ಇನ್ನೊಂದು ಪಂಥ ನೆಲದ ಮೇಲಿನ ವಿನ್ಯಾಸವನ್ನೇ ಓದಿತು. ದನದ ದೊಡ್ಡಿ ಮತ್ತು ಗಂಡಸರ ಸಭೆ ನಡುವೆ, ಹೆಂಗಸರ ಮನೆಗಳು ಸುತ್ತ ಬರುವುದನ್ನು ಆ್ಯಡಂ ಕೂಪರ್ ದಕ್ಷಿಣ ಆಫ್ರಿಕಾದ ಬಂಟು ಜನರೆಲ್ಲರಿಗೂ ಸಾಮಾನ್ಯವಾದ ಒಂದು ಸಾಂಕೇತಿಕ ವ್ಯವಸ್ಥೆ ಎಂದರು. ಪುರಾತತ್ತ್ವಜ್ಞ ಥಾಮಸ್ ಹಫ್‌ಮನ್ ಅದೇ ಮಾದರಿಯನ್ನು ಸಾವಿರ ವರ್ಷಕ್ಕೂ ಹಿಂದಿನ ನೆಲೆಗಳವರೆಗೆ ಒಯ್ದರು. ಗಂಡಸರನ್ನು ದೊಡ್ಡಿಯಲ್ಲಿ ಹೂಳುತ್ತಿದ್ದುದು ಇದಕ್ಕೆ ಹೊಂದುತ್ತದೆ. ಆದರೆ ಹತ್ತೊಂಬತ್ತು, ಇಪ್ಪತ್ತನೆಯ ಶತಮಾನದಲ್ಲಿ ಕಂಡದ್ದನ್ನು ಸಾವಿರ ವರ್ಷ ಹಿಂದಕ್ಕೆ ಎಳೆದರೆ ನಡುವಿನ ಚರಿತ್ರೆಯೇ ಅಳಿಸಿಹೋಗುತ್ತದೆ ಎಂದು ಮಾರ್ಟಿನ್ ಹಾಲ್, ಪಾಲ್ ಲೇನ್ ಆಕ್ಷೇಪಿಸಿದರು. ಆ ಆಕ್ಷೇಪಣೆಯಲ್ಲಿ ಹುರುಳಿದೆ.

ಮಿಷನರಿಗಳ ಚೌಕ ಮನೆ

ಚರಿತ್ರೆ ಎಷ್ಟು ಒರಟಾಗಿ ಒಳನುಗ್ಗಿತು ಎಂಬುದಕ್ಕೆ ಕ್ವೇನಾ ದೊರೆ ಸೆಚೆಲೆಯ ಕಥೆ ಸಾಕು. 1848ರಲ್ಲಿ ಡೇವಿಡ್ ಲಿವಿಂಗ್‌ಸ್ಟನ್‌ನಿಂದ ದೀಕ್ಷಾಸ್ನಾನ ಪಡೆಯಲು ಅವನು ಐವರು ಹೆಂಡಿರಲ್ಲಿ ಒಬ್ಬಳನ್ನು ಉಳಿಸಿಕೊಂಡು ಉಳಿದವರನ್ನು ತವರಿಗೆ ಕಳಿಸಿದ. ಅವರಲ್ಲಿ ಅವನ ಬೆಂಬಲಕ್ಕೆ ನಿಂತ ಮುಖಂಡರ ಹೆಣ್ಣುಮಕ್ಕಳೂ ಇದ್ದರು. ಒಂದು ಸ್ನಾನಕ್ಕೆ ನಾಲ್ಕು ಒಲೆ ಆರಿದವು, ನಾಡಿನ ನಂಟುಗಳೇ ಸಡಿಲಗೊಂಡವು. ಅದರ ಹೊರೆ ಹೊತ್ತ ಹೆಂಗಸರ ಮಾತು ಮಿಷನ್ ದಾಖಲೆಗಳಲ್ಲಿ ಹುಡುಕಿದರೂ ಕಷ್ಟಕ್ಕೆ ಸಿಗುತ್ತದೆ.

ಜೀನ್ ಮತ್ತು ಜಾನ್ ಕೊಮರಾಫ್ 1991 ಮತ್ತು 1997ರಲ್ಲಿ ತಂದ ಎರಡು ಸಂಪುಟಗಳಲ್ಲಿ ಈ ಬದಲಾವಣೆಯನ್ನು ಎಳೆ ಎಳೆಯಾಗಿ ಬಿಡಿಸಿದ್ದಾರೆ. ಕುರುಮಾನ್‌ನ ರಾಬರ್ಟ್ ಮೊಫಾಟ್ ಮತ್ತವರ ಜೊತೆಯವರಿಗೆ ದುಂಡು ಮನೆ, ಬಳಸು ದಾರಿ, ಹೊಲದಲ್ಲಿ ದುಡಿಯುವ ಹೆಣ್ಣು, ಚರ್ಮ ಹೊಲಿಯುವ ಗಂಡು ಎಲ್ಲವೂ ಅವ್ಯವಸ್ಥೆಯಾಗಿ ಕಂಡವು. ಚೌಕ ಮನೆ, ಬಾಗಿಲು, ಬೀಗ, ಒಳಕೋಣೆ, ಒಳಗೆ ಹೆಣ್ಣು, ಹೊರಗೆ ದುಡಿಯುವ ಗಂಡು ಎಂಬ ಇಂಗ್ಲೆಂಡಿನ ಮಾದರಿಯನ್ನು ಅವರು ಧರ್ಮದ ಜೊತೆಗೇ ಬೋಧಿಸಿದರು. ಬೋಧನೆಗಿಂತ ಆಳಕ್ಕೆ ಇಳಿದದ್ದು ನೇಗಿಲು. ಗುದ್ದಲಿಯ ಬೇಸಾಯ ಹೆಂಗಸರದು. ನೇಗಿಲಿಗೆ ಎತ್ತು ಬೇಕು, ದನ ಮುಟ್ಟುವುದು ಹೆಂಗಸರಿಗೆ ನಿಷಿದ್ಧವಾಗಿತ್ತು. ಹಾಗಾಗಿ ಬೆಳೆಯ ಮೇಲಿನ ಹಿಡಿತ ಗಂಡಸಿನ ಕಡೆಗೆ ಜಾರಿತು.

ಇಷ್ಟಾದರೂ ಚೌಕ ಮನೆ ಕಟ್ಟಿಕೊಂಡವರು ಅಂಗಳ ಬಿಡಲಿಲ್ಲ. ಇಂದಿಗೂ ಸಿಮೆಂಟ್ ಇಟ್ಟಿಗೆಯ, ತಗಡಿನ ಸೂರಿನ ಮನೆಯ ಮುಂದೆ ಗುಡಿಸಿದ ಬಯಲು, ಮರದ ನೆರಳಲ್ಲಿ ಕುರ್ಚಿಗಳು, ಮೂರು ಕಾಲಿನ ಕಬ್ಬಿಣದ ಮಡಕೆ ಇರುತ್ತವೆ. ಹೊರಗಿನ ಪ್ರಭಾವ ಎಲ್ಲವನ್ನೂ ಒಳಗೊಳಗೇ ಬದಲಿಸಿತು ಎಂಬ ಕೊಮರಾಫ್ ದಂಪತಿಗಳ ವಾದವನ್ನು ಪೂರ್ತಿ ಒಪ್ಪಲು ನನಗೆ ಈ ಅಂಗಳವೇ ಅಡ್ಡಿ.

ಗಣಿಗೆ ಹೋದವರು, ಎಣಿಕೆಗೆ ಸಿಗದವರು

ಅತ್ಯಂತ ಬಿಸಿಯಾದ ಚರ್ಚೆ ನಡೆದದ್ದು ವಲಸೆಯ ಮೇಲೆ. ಹತ್ತೊಂಬತ್ತನೆಯ ಶತಮಾನದ ಕೊನೆಯಿಂದ ಕಿಂಬರ್ಲಿಯ ವಜ್ರ, ಆಮೇಲೆ ವಿಟ್‌ವಾಟರ್ಸ್‌ರ್‍ಯಾಂಡಿನ ಚಿನ್ನ ತ್ಸ್ವಾನಾ ಗಂಡಸರನ್ನು ಎಳೆದುಕೊಂಡವು. ತಲೆಗಂದಾಯ ಕಟ್ಟಲು ನಗದು ಬೇಕಿತ್ತು. ಹೆಂಡತಿಮಕ್ಕಳನ್ನು ಗಣಿಯ ಕಾಂಪೌಂಡಿಗೆ ಕರೆದೊಯ್ಯುವಂತಿರಲಿಲ್ಲ. ಗಂಡಸು ದುಡಿದ ಹಣವನ್ನು ದನವಾಗಿಸಿ ಹಟ್ಟಿಗೆ ಸೇರಿಸಿದ, ಹೆಂಗಸು ಊರು ಮತ್ತು ಹೊಲ ನೋಡಿಕೊಂಡಳು. ಮ್ಮಾ ರಮೋಟ್ಸ್ವೆ ಎಂಬ ಪತ್ತೇದಾರಿಣಿಯ ಕಾದಂಬರಿಗಳನ್ನು ಓದಿದವರಿಗೆ ನೆನಪಿರಬಹುದು, ಅವಳ ಕಚೇರಿ ತೆರೆದದ್ದು ಗಣಿಯಲ್ಲಿ ದುಡಿದ ಅಪ್ಪ ಬಿಟ್ಟುಹೋದ ದನಗಳ ದುಡ್ಡಿನಿಂದ.

1966ರಲ್ಲಿ ಸ್ವತಂತ್ರವಾದ ಬೊಟ್ಸ್ವಾನಾದ ಸಮೀಕ್ಷೆಗಳಲ್ಲಿ ಮುಂದೆ ಒಂದು ಸಂಗತಿ ಎದ್ದು ಕಂಡಿತು: ಸುಮಾರು ಅರ್ಧದಷ್ಟು ಮನೆಗಳಿಗೆ ಹೆಂಗಸೇ ಯಜಮಾನಿ. ಕುಟುಂಬ ಒಡೆದಿದೆ, ಇಂಥ ಮನೆಗಳೇ ಬಡತನದ ಬೇರು, ಆದ್ದರಿಂದ ನೆರವು ಅವಕ್ಕೇ ಹೋಗಲಿ ಎಂಬ ವಾದ ಹುಟ್ಟಿತು. 1983ರಲ್ಲಿ ಪಾಲಿನ್ ಪೀಟರ್ಸ್ ಇದನ್ನು ತಡೆದು ನಿಲ್ಲಿಸಿದರು. ಇಂದು ಒಂಟಿ ತಾಯಿ ಎಂದು ಬರೆದುಕೊಂಡವಳು ಹತ್ತು ವರ್ಷದ ಹಿಂದೆ ತವರಿನ ಮಗಳಾಗಿದ್ದಳು, ಹತ್ತು ವರ್ಷದ ಮೇಲೆ ಯಾರದೋ ಹೆಂಡತಿಯಾಗಬಹುದು, ಬದುಕಿನ ಒಂದು ಗಳಿಗೆಯನ್ನು ಹಿಡಿದು ಜಾತಿ ಮಾಡಬೇಡಿ ಎಂಬುದು ಅವರ ತಕರಾರಿನ ಸಾರ. ನಿಕೋಲಸ್ ಟೌನ್‌ಸೆಂಡ್ 1997ರಲ್ಲಿ ಗಂಡಸರ ಕಡೆಯಿಂದ ನೋಡಿದರು. ಒಬ್ಬ ಗಂಡಸು ಒಂದೇ ಕಾಲಕ್ಕೆ ತಾಯಿಯ ಮನೆಯ ಮಗ, ಅಕ್ಕನ ಮಕ್ಕಳಿಗೆ ಸೋದರಮಾವ, ಇನ್ನೊಂದು ಮನೆಯ ಮಕ್ಕಳಿಗೆ ತಂದೆ; ತಂದೆ ಮನೆಯಲ್ಲಿಲ್ಲದ ಮಗುವಿಗೆ ಗಂಡಸರೇ ಇಲ್ಲವೆಂದು ಬರೆಯುವುದು ತಪ್ಪು.

ಮರುವರ್ಷ ಬ್ರಿಜೆಟ್ ಓಲಾಫ್ಲಿನ್ ಎತ್ತಿದ ಪ್ರಶ್ನೆ ಇನ್ನೂ ಚುರುಕಾದದ್ದು. ಗಣಿಗಳು ವಲಸೆಗಾರರನ್ನು ತೆಗೆದುಕೊಳ್ಳುವುದು ಕಡಿಮೆಯಾದ ಮೇಲೆ ಕೆಲಸವಿಲ್ಲದ ಗಂಡಸರು ಮದುವೆಗೆ ದನವಿಲ್ಲದೆ, ಕಳಿಸಲು ಹಣವಿಲ್ಲದೆ ಮನೆಯ ನಂಟಿನಿಂದಲೇ ಹೊರಬಿದ್ದರು. ಸಮಸ್ಯೆ ಇರುವುದು ಹೆಂಗಸಿನ ಯಜಮಾನಿಕೆಯಲ್ಲೋ, ಕೂಲಿಯ ಚರಿತ್ರೆಯಲ್ಲೋ? ಓಲಾಫ್ಲಿನ್ ಬೆರಳು ಇಟ್ಟದ್ದು ಸರಿಯಾದ ಜಾಗಕ್ಕೆ ಎಂದೇ ನನ್ನ ಎಣಿಕೆ. ಆದರೂ ಒಲೆಯ ಮುಂದೆ ಕೂತ ಅಜ್ಜಿಗೆ ನೆರವು ಇಂದೇ ಬೇಕು. ಆ ಅವಸರಕ್ಕೆ ಅವರ ವಿಶ್ಲೇಷಣೆಯಲ್ಲಿ ಉತ್ತರವಿಲ್ಲ.

ಸರ್ಕಾರ ಗೊತ್ತುಮಾಡಿದ ತವರು

ಗಡಿಯಾಚೆ ದಕ್ಷಿಣ ಆಫ್ರಿಕಾದಲ್ಲಿ ಮನೆಯ ಪ್ರಶ್ನೆ ಬೇರೆಯೇ ಕ್ರೌರ್ಯ ಪಡೆಯಿತು. 1913ರ ಭೂ ಕಾಯ್ದೆ ಕರಿಯರನ್ನು ನೆಲದಿಂದ ಹೊರದಬ್ಬಿದಾಗ, ಸೆಟ್ಸ್ವಾನಾ ಭಾಷೆಯ ದೊಡ್ಡ ಬರಹಗಾರ, ಬರೊಲೊಂಗ್ ಕುಲದ ಸೊಲ್ ಪ್ಲಾಟ್ಯೆ ಊರೂರು ಸುತ್ತಿ ಕಂಡದ್ದನ್ನು 1916ರ ಪುಸ್ತಕದಲ್ಲಿ ದಾಖಲಿಸಿದರು. ದಾರಿಯಲ್ಲಿ ಸತ್ತ ಕೂಸನ್ನು ಹೂಳಲೂ ತಮ್ಮದೆನ್ನುವ ನೆಲವಿಲ್ಲದ ಕುಟುಂಬ ಅದರಲ್ಲಿದೆ. 1977ರಲ್ಲಿ ವರ್ಣಭೇದ ಸರ್ಕಾರ ಚದುರಿದ ತುಂಡುಗಳನ್ನು ಸೇರಿಸಿ ಬೊಫುಥಾಟ್ಸ್ವಾನಾ ಎಂಬ ‘ಸ್ವತಂತ್ರ’ ನಾಡು ಮಾಡಿ, ಜೊಹಾನ್ಸ್‌ಬರ್ಗಿನಲ್ಲಿ ಹುಟ್ಟಿ ಬೆಳೆದ ತ್ಸ್ವಾನಾ ಜನರಿಗೂ ಇದೇ ನಿಮ್ಮ ತವರು ಎಂದು ಹೇಳಿ ಅವರ ದಕ್ಷಿಣ ಆಫ್ರಿಕಾ ಪೌರತ್ವವನ್ನೇ ಕಿತ್ತುಕೊಂಡಿತು. 1984ರ ಫೆಬ್ರವರಿಯಲ್ಲಿ ಪೊಲೀಸರು ಮೊಗೊಪಾ ಊರನ್ನು ಸುತ್ತುವರಿದು ಅಲ್ಲಿನ ಕ್ವೇನಾ ಜನರನ್ನು ಲಾರಿಗಳಲ್ಲಿ ತುಂಬಿ ಸಾಗಿಸಿದರು. ಕೆಲವು ವರ್ಷಗಳ ನಂತರ ಅವರು ಹಿರಿಯರ ಗೋರಿಗಳನ್ನು ಚೊಕ್ಕಟ ಮಾಡಲು ಅನುಮತಿ ಪಡೆದು ಬಂದರು, ಬಂದವರು ಅಲ್ಲೇ ಉಳಿದು ಮತ್ತೆ ಗುಡಿಸಲು ಹಾಕಿದರು. ಮನೆಯ ಹಕ್ಕಿನ ವಾದವನ್ನು ಇಷ್ಟು ಗಟ್ಟಿಯಾಗಿ ಮಂಡಿಸಿದ ಗ್ರಂಥ ನನಗೆ ಗೊತ್ತಿಲ್ಲ.

ಸಾವಿನ ವರ್ಷಗಳಲ್ಲಿ

2000ದ ಹೊತ್ತಿಗೆ ಬೊಟ್ಸ್ವಾನಾದ ವಯಸ್ಕರಲ್ಲಿ ಮೂರರಲ್ಲೊಬ್ಬರಿಗಿಂತ ಹೆಚ್ಚು ಜನರಿಗೆ ಎಚ್‌ಐವಿ ಸೋಂಕು ಇದೆ ಎಂದು ವಿಶ್ವಸಂಸ್ಥೆ ಅಂದಾಜಿಸಿತು. 2002ರಲ್ಲಿ ಸರ್ಕಾರ ‘ಮಾಸಾ’ ಎಂಬ ಯೋಜನೆಯಲ್ಲಿ ಉಚಿತ ಔಷಧಿ ಕೊಡಲು ಶುರುಮಾಡಿತು. ಅದಕ್ಕೆ ಮುಂಚಿನ ವರ್ಷಗಳಲ್ಲಿ ಹಳ್ಳಿಯ ಅಂಗಳಗಳು ಆಸ್ಪತ್ರೆಗಳಾದವು. ನಗರದಲ್ಲಿ ದುಡಿಯುತ್ತಿದ್ದವರು ಸಾಯಲು ಊರಿಗೆ ಬಂದರು, ತಾಯಂದಿರು ಆರೈಕೆ ಮಾಡಿದರು.

ಕುಟುಂಬ ಕುಸಿಯಿತು ಎಂಬ ಮಾತು ಆಗ ಎಲ್ಲ ವರದಿಗಳಲ್ಲೂ ಇತ್ತು. ಫ್ರೆಡರಿಕ್ ಕ್ಲೈಟ್ಸ್ ಗಾಬೊರೊನೆಯ ಒಂದು ಪುಟ್ಟ ಚರ್ಚಿನ ಜನರೊಂದಿಗೆ ಇದ್ದು 2010ರಲ್ಲಿ ಬರೆದ ಪುಸ್ತಕ ಬೇರೆ ಚಿತ್ರ ಕೊಡುತ್ತದೆ. ರಕ್ತಸಂಬಂಧವಿಲ್ಲದವರೂ ಒಬ್ಬರಿಗೊಬ್ಬರು ಮನೆಗೆ ನೆರವಾಗಿ, ರೋಗಿಯ ಮೈ ತೊಳೆದು, ಶವದ ಮುಂದೆ ಹಾಡಿ ಬಂಧುಗಳಾದರು. ಅನಾಥ ಮಕ್ಕಳ ಸಂಸ್ಥೆಗಳಲ್ಲಿ ಕೆಲಸ ಮಾಡಿದ್ದ ಕೊರೀನ್ ರೀಸ್ 2022ರಲ್ಲಿ ಇನ್ನೂ ದೂರ ಹೋದರು. ತ್ಸ್ವಾನಾ ಕುಟುಂಬ ಒಗ್ಗಟ್ಟಿನಿಂದ ನಿಲ್ಲುವಷ್ಟೇ ಜಗಳದಿಂದಲೂ ನಿಲ್ಲುತ್ತದೆ, ಜಗಳವನ್ನು ಹಿರಿಯರ ಮುಂದಿಟ್ಟು ಪೂರ್ತಿ ತೀರಿಸದೆ ಮುಂದಕ್ಕೆ ಒಯ್ಯುವುದೇ ಬಂಧುತ್ವದ ಕೆಲಸ. ಆ ಜಗಳಗಳ ನಡುವೆ ಪಡಿತರ ಬುಟ್ಟಿ ಮತ್ತು ಸಮಾಜ ಕಾರ್ಯಕರ್ತರು ಕಾಲಿಟ್ಟಾಗ ಕುಟುಂಬ ಬೇರೆ ಬಗೆಯಲ್ಲಿ ಬದಲಾಯಿತು ಎಂಬುದು ಅವರ ನಿಲುವು.

ಕಾನ್ಯೆಯ ಅಕ್ಕತಂಗಿಯರು

ಈ ಎಲ್ಲ ಎಳೆಗಳು ಒಂದು ವ್ಯಾಜ್ಯದಲ್ಲಿ ಕೂಡಿದವು. ಕಾನ್ಯೆಯ ನ್ವಾಕೆಟ್ಸೆ ಜನರ ಕಟ್ಟಳೆಯ ಪ್ರಕಾರ ತಂದೆತಾಯಿಯ ಮನೆ ಕಿರಿಯ ಮಗನಿಗೆ ಸೇರುತ್ತಿತ್ತು. ಕಾನ್ಯೆ ಊರಿನ ಎಡಿತ್ ಮ್ಮುಸಿ ಮತ್ತವರ ತಂಗಿಯರು ತಂದೆತಾಯಿಯನ್ನು ನೋಡಿಕೊಂಡು, ಆ ಮನೆಗೆ ತಮ್ಮ ಹಣ ಹಾಕಿ ಉಳಿಸಿಕೊಂಡಿದ್ದರು. ಮಲಸೋದರನ ಮಗ ಅದು ತನ್ನದೆಂದ. ಕಟ್ಟಳೆಯ ಮೇಲ್ಮನವಿ ನ್ಯಾಯಾಲಯ ಅವನ ಪರ ನಿಂತಿತು. 2012ರ ಅಕ್ಟೋಬರಿನಲ್ಲಿ ಹೈಕೋರ್ಟಿನ ನ್ಯಾಯಮೂರ್ತಿ ಕೀ ಡಿಂಗಾಕೆ, ಹೆಣ್ಣನ್ನು ಹೊರಗಿಡುವ ಈ ಕಟ್ಟಳೆ ಸಂವಿಧಾನದ ಸಮಾನತೆಗೆ ವಿರುದ್ಧ ಎಂದರು. 2013ರ ಸೆಪ್ಟೆಂಬರಿನಲ್ಲಿ ಮೇಲ್ಮನವಿ ನ್ಯಾಯಾಲಯವೂ ಅಕ್ಕತಂಗಿಯರ ಪರವಾಗಿಯೇ ತೀರ್ಪಿತ್ತಿತು, ಆದರೆ ದಾರಿ ಬೇರೆ: ಕಟ್ಟಳೆ ಕಾಲಕ್ಕೆ ತಕ್ಕಂತೆ ಬೆಳೆಯುತ್ತದೆ, ಇಂದಿನ ಕಟ್ಟಳೆಯೇ ಹೆಣ್ಣುಮಕ್ಕಳಿಗೆ ಅಡ್ಡ ಬರುವುದಿಲ್ಲ ಎಂದು.

ಗೆಲುವು ಒಂದೇ, ತರ್ಕ ಎರಡು. ಮೊದಲನೆಯದರಲ್ಲಿ ಹೆಣ್ಣಿಗೆ ಹಕ್ಕು ಹೊರಗಿನಿಂದ, ಸಂವಿಧಾನದಿಂದ ಬರುತ್ತದೆ. ಎರಡನೆಯದರಲ್ಲಿ ಒಳಗಿನಿಂದ, ಅವಳು ಆ ಮನೆಗೆ ಹಾಕಿದ ದುಡಿಮೆಯಿಂದ. ಎರಡನೆಯದು ತ್ಸ್ವಾನಾ ಬದುಕಿಗೆ ಹತ್ತಿರ. ಮೊದಲನೆಯದು ಏನನ್ನೂ ಹಾಕಲು ಅವಕಾಶ ಸಿಗದ ಹೆಣ್ಣನ್ನೂ ಕಾಯುತ್ತದೆ. ನನಗೆ ಎರಡೂ ಬೇಕೆನಿಸುತ್ತದೆ.

ಇನ್ನೂ ತೀರದಿರುವುದು

1968ರ ಕಾಯ್ದೆ ನಿವೇಶನ ಹಂಚುವ ಅಧಿಕಾರವನ್ನು ದೊರೆಗಳಿಂದ ಭೂಮಂಡಳಿಗಳಿಗೆ ದಾಟಿಸಿತು. ಗಂಡನಿಗೆ ಆಗಲೇ ನಿವೇಶನವಿದ್ದರೆ ಹೆಂಡತಿಗೆ ಬೇರೆ ಸಿಗದು ಎಂಬ ನಿಯಮ 2020ರಲ್ಲಿ ಹೋಯಿತು. ಅಲ್ಲಿಗೆ ಪ್ರತಿ ವಯಸ್ಕನಿಗೂ ವಯಸ್ಕಳಿಗೂ ಸ್ವಂತ ಅಂಗಳ ಸಾಧ್ಯವಾಯಿತು, ಕಾಗದದ ಮೇಲಾದರೂ. ಇದರಿಂದ ಅಜ್ಜಿಯ ಅಂಗಳ ಬರಿದಾಗುವುದೋ, ಅಥವಾ ಹೊಲ ಮತ್ತು ಹಟ್ಟಿಯ ಸಾಲಿಗೆ ಇನ್ನೊಂದು ನೆಲೆ ಸೇರಿಕೊಳ್ಳುವುದೋ ಎಂದು ಹೇಳುವಷ್ಟು ಕಾಲ ಸಂದಿಲ್ಲ.

ಮದುವೆಯಿಲ್ಲದೆ ಹುಟ್ಟಿ ತಾಯಿಯ ತವರಿನಲ್ಲಿ ಬೆಳೆದ ಮಕ್ಕಳೇ ಈಗ ದೊಡ್ಡ ಸಂಖ್ಯೆಯಲ್ಲಿ ಮನೆ ಕಟ್ಟುವ ವಯಸ್ಸಿಗೆ ಬಂದಿದ್ದಾರೆ. ಅವರಲ್ಲಿ ಗಂಡುಮಕ್ಕಳಿಗೆ ತಾಯಿಯ ಅಣ್ಣತಮ್ಮಂದಿರ ನೆಲದಲ್ಲಿ ಎಷ್ಟು ಹಕ್ಕು ಎಂಬುದಕ್ಕೆ ಶಪೇರಾರ ಕೈಪಿಡಿಯಲ್ಲಿ ಸ್ಪಷ್ಟ ಉತ್ತರವಿಲ್ಲ, ಕಾನ್ಯೆಯ ತೀರ್ಪಿನಲ್ಲೂ ಇಲ್ಲ. ತೆರದ ದನ ಕೊಡದ ತಂದೆಯ ಕಡೆಯವರು ಮಕ್ಕಳ ಮೇಲೆ ಯಾವ ಬಾಧ್ಯತೆ ಹೊರಬೇಕು, ಆ ಬಾಧ್ಯತೆಯನ್ನು ಖೊ‌ಟ್ಲಾ ಕೇಳಬೇಕೋ ಮ್ಯಾಜಿಸ್ಟ್ರೇಟರು ಕೇಳಬೇಕೋ ಎಂಬುದರಲ್ಲೂ ಒಮ್ಮತವಿಲ್ಲ.

ಎಲ್ಲಕ್ಕಿಂತ ಕಷ್ಟದ ಪ್ರಶ್ನೆ ಗಾಬೊರೊನೆಯಲ್ಲೇ ಹುಟ್ಟಿ ಬೆಳೆದವರದು. ಶವಸಂಸ್ಕಾರಕ್ಕೆ, ಕ್ರಿಸ್‌ಮಸ್‌ಗೆ, ಮದುವೆಯ ಮಾತುಕತೆಗೆ ಅವರು ಇನ್ನೂ ಊರಿಗೆ ಹೋಗುತ್ತಾರೆ. ಆದರೆ ಉಳುಮೆ ಬಿಟ್ಟ ಹೊಲ, ಕೂಲಿಯಾಳಿನ ಕೈಗೆ ಒಪ್ಪಿಸಿದ ಹಟ್ಟಿ, ಅಜ್ಜಿ ತೀರಿಕೊಂಡ ಮೇಲೆ ಯಾರೂ ಸಾರಿಸದ ಅಂಗಳ ಇವುಗಳ ಮೇಲೆ ಆ ಮಕ್ಕಳು ತಮ್ಮ ಹಕ್ಕನ್ನು ಯಾವ ಕೆಲಸದಿಂದ ಉಳಿಸಿಕೊಳ್ಳುತ್ತಾರೆ? ತಿಂಗಳಿಗೊಮ್ಮೆ ಫೋನಿನಿಂದ ಕಳಿಸುವ ಹಣವನ್ನು ಆ ಊರಿನ ಹಿರಿಯರು ದುಡಿಮೆಯೆಂದು ಎಣಿಸುತ್ತಾರೆಯೇ? ಇದರ ಬಗ್ಗೆ ಒಂದೊಂದು ಕೇರಿಯಲ್ಲಿ ಒಂದೊಂದು ತೀರ್ಮಾನ ಈಗ ನಡೆಯುತ್ತಿದೆ, ಅದನ್ನು ಬರೆದಿಡುವ ಕೆಲಸ ಈಗಷ್ಟೇ ಶುರುವಾಗಿದೆ.